ಸೆಟ್ಟಿನ ಮನೆಗೆ ಬೆಂಕಿ ಹಚ್ಚುವ ಮುನ್ನ

ಧಾರಾವಾಹಿ ಸಾಮ್ರಾಜ್ಯದ ಒಡತಿ, ಚಲನಚಿತ್ರ ನಿರ್ಮಾಪಕ ಶಿರೋಮಣಿ, ಮಾಜಿ ಪಾಪ್ ಗಾಯಕಿ, ಅಕ್ಕನವರ ಸನ್ನಿಧಾನಕ್ಕೆ ತಮ್ಮನ ಸಾಷ್ಟಾಂಗ ಬಿನ್ನಹ.

ಹಾಡುವುದನ್ನು ಬಿಟ್ಟು, ಧಾರಾವಾಹಿಗಳಾದ ಮೇಲೆ ತೆಗೆಯುತ್ತಿರುವ ಮೊದಲ ಸಿನಿಮಾಕ್ಕೆ ನೀನು ಸ್ಟುಡಿಯೋದಲ್ಲಿ ನಮ್ಮ ಮನೆಯನ್ನೇ, ಗೋಡೆಯ ಬಿರುಕಿನ ಸಮೇತ, ಕಟ್ಟಿಸಿದ್ದೀಯ. ಶಹಭಾಸ್! ಆದರೆ ಅಮ್ಮ ದಿನಾ ಅಲ್ಲಿಗೇ ಹೋಗುತ್ತಾಳೆ. ಅಪ್ಪನ ಪಾತ್ರದವರು ತೀರಿಹೋದ ಅಪ್ಪನ ಹಾಗೇ ಕೆಮ್ಮುತ್ತಾ ಒಳಗೆ ಬಂದು, “ಊಟ ಆಯ್ತೇನೇ?” ಎನ್ನುತ್ತಾರೆ. ಕ್ಯಾಮೆರಾದ ಹಿಂದಿನಿಂದ ಅಮ್ಮ, “ನಿಮ್ಮನ್ನ ಬಿಟ್ಟು ಯಾವತ್ತು ಉಂಡಿದ್ದೀನಿ?” ಎನ್ನುತ್ತಾಳೆ. ಮೊದಮೊದಲು ಎಲ್ಲರೂ ನಕ್ಕರು. ಈಗ ಯಾರೂ ನಗುವುದಿಲ್ಲ.

ಶುಕ್ರವಾರ ಆ ಮನೆಗೆ ಬೆಂಕಿ ಹಚ್ಚುವ ದೃಶ್ಯವಂತೆ. ಅಮ್ಮನಿಗೆ ಹೇಳಿದೆ. “ಅವರೊಬ್ಬರನ್ನೇ ಒಳಗೆ ಬಿಟ್ಟು ಬರ್ಲೇನೋ?” ಎಂದು ತನ್ನ ಸೀರೆಗಳನ್ನೆಲ್ಲ ಅಲ್ಲಿಯ ಬೀರುವಿಗೆ ಸಾಗಿಸಿದಳು. ನಿನ್ನೆಯಿಂದ ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತಿದ್ದಾಳೆ. ಫೋನ್ ಮಾಡಿದರೆ ನಿನ್ನ ಮ್ಯಾನೇಜರ್ “ಮೇಡಂ ಚಾನೆಲ್ ಮೀಟಿಂಗಲ್ಲಿದ್ದಾರೆ” ಎನ್ನುತ್ತಾನೆ. ಆದ್ದರಿಂದ ಈ ಪತ್ರ. ಬೆಂಕಿ ಹಚ್ಚಿಸುವ ಮೊದಲು ಒಂದೊಂದು ಕೋಣೆಯನ್ನೂ ನೀನೇ ಬಂದು ನೋಡು. ಬೇರೆಯವರು ಕರೆದರೆ ಅಮ್ಮ ಬಾಗಿಲು ತೆಗೆಯುವುದಿಲ್ಲ.

ಇಂತಿ ನಿನ್ನ ಪಾದಧೂಳಿ,
ತಮ್ಮ

ತಾ.ಕ.: ಮೊನ್ನೆ ಅಮ್ಮನನ್ನು ಕರೆತರಲು ಹೋದಾಗ ಆ ಅಪ್ಪನ ಪಾತ್ರದವರು, “ಎಲ್ಲಿ ಅಲೀತಿದ್ದೆ ಇಷ್ಟು ದಿನ?” ಎಂದು ನನ್ನನ್ನು ಗದರಿದರು. ಕ್ಯಾಮೆರಾ ಆಫ್ ಆಗಿತ್ತು. ನಾನು “ತಪ್ಪಾಯ್ತಪ್ಪಾ” ಅಂದೆ. ನನ್ನ ಹಾಸಿಗೆಯೂ ಈಗ ಅಲ್ಲೇ ಇದೆ.