ಡೆಟ್ಲೆಫ್ ಹೌದೆಂದ

ಮೇ 18, ಭಾನುವಾರ.

ಋತುವಿನ ಕೊನೆಯ, ಮೂವತ್ನಾಲ್ಕನೇ ಪಂದ್ಯವನ್ನೂ ಸೋತು, ಜರ್ಮನಿಯ ಎರಡನೇ ದರ್ಜೆಯ ಫುಟ್‌ಬಾಲ್ ಲೀಗ್ ಆದ ಎರಡನೇ ಬುಂಡೆಸ್‌ಲೀಗಾದಿಂದ ಕೆಳಗಿಳಿದೆವು. ಡ್ರಾ ಆಗಿದ್ದರೆ ಉಳಿಯುತ್ತಿದ್ದೆವು. ಕೊನೆಯ ನಿಮಿಷದಲ್ಲಿ ನಮ್ಮ ಗೋಲಿನೆದುರು ಚೆಂಡು ಕ್ಯಾಪ್ಟನ್ ಡೆಟ್ಲೆಫ್‌ನ ಕೈಗೆ ತಾಗಿದ್ದು ಯಾರಿಗೂ ಕಂಡಿರಲಿಲ್ಲ. ರೆಫರಿ ಕೇಳಿದರು, ಇವನು ಹೌದೆಂದ. ಪೆನಾಲ್ಟಿ, ಗೋಲು.

ನಾನು ತಂಡದ ಬಟ್ಟೆ ಒಗೆಯುವವಳು. ಆಮೇಲೆ ಅವನು ನನ್ನ ಕೋಣೆಗೆ ಬಂದು ಕೂತ.

"ಬಾಯಿ ಮುಚ್ಕೊಂಡಿರೋಕೆ ಏನಾಗಿತ್ತೋ ನಿಂಗೆ?"

"ರೆಫರಿ ಕೇಳಿದ್ರಲ್ಲಮ್ಮಾ. ಸುಳ್ಳು ಹೇಳೋಕೆ ಬರ್ಲಿಲ್ಲ."

"ಹೊರಗೆ ಜನ ಕಾಯ್ತಿದಾರೆ, ಚರ್ಮ ಸುಲೀತಾರೆ."

"ಗೊತ್ತು."

ಹಿಂಬಾಗಿಲಿನ ಬೀಗದಕೈ ಕೊಡಲು ಹೋದೆ. ಬೇಡವೆಂದು ಎದ್ದು ಮುಂಬಾಗಿಲಿಗೇ ನಡೆದ. ನಾನೂ ಅವನ ತೋಳು ಹಿಡಿದು ಜೊತೆಗೆ ಹೋದೆ. ಯಾರೋ ಉಗಿದರು, ನನ್ನ ಕೋಟಿನ ಮೇಲೆ ಬಿತ್ತು. ಕಾರಿನವರೆಗೂ ಅವನ ತೋಳು ಬಿಡಲಿಲ್ಲ.

ಅವನ ಮೇಲಿನ ಸಿಟ್ಟು ಮಾತ್ರ ಇನ್ನೂ ಇಳಿದಿಲ್ಲ.