ಸೊನ್ನೆ ಚೀಟಿಗೆ ಸಹಿ ಹಾಕಿದ ಕೈ

ಮಾನ್ಯ ಚುನಾವಣಾ ನ್ಯಾಯಾಧೀಶರೇ,

ನಾನು ಯಾವ ಪಕ್ಷದ ಕಾರ್ಯದರ್ಶಿಯೂ ಅಲ್ಲ. ಈ ಒಂದು ವಾಕ್ಯವನ್ನು ತಮ್ಮ ಕಚೇರಿಗೆ ಎರಡು ಸಲ ಬರೆದುಕೊಟ್ಟೆ. ಎರಡು ಸಲವೂ ಮೊಹರು ಬಿತ್ತು, ಎರಡು ಸಲವೂ ಉತ್ತರ ಬಂತು, ಎರಡು ಉತ್ತರಗಳಲ್ಲೂ ನಾನು ಕಾರ್ಯದರ್ಶಿಯಾಗಿಯೇ ಉಳಿದೆ. ಅದಕ್ಕೇ ಮೂರನೆಯದನ್ನು ಊರಿನ ವಾರಪತ್ರಿಕೆಗೆ ಕೊಡುತ್ತಿದ್ದೇನೆ. ತಾವು ಓದದಿದ್ದರೂ ಚಿಂತೆಯಿಲ್ಲ, ಬ್ರೆಡ್ ಕಟ್ಟಿಕೊಟ್ಟ ಕಾಗದದಲ್ಲಾದರೂ ನಾಲ್ಕು ಜನ ಓದುತ್ತಾರೆ.

ನನ್ನ ಪರಿಚಯ ತಮಗೆ ಇರಬೇಕಿತ್ತು. ಪೆದ್ರಾ ಮಾನ್ಸಾದ ಮುನಿಸಿಪಲ್ ಶಾಲೆಯಲ್ಲಿ ಮೂವತ್ತೊಂದು ವರ್ಷ ಮಕ್ಕಳಿಗೆ ಅನ್ನ, ಬೀನ್ಸ್ ಬೇಯಿಸಿ ಹಾಕಿದವಳು ನಾನು. ಮತದಾನದ ಭಾನುವಾರ ಬಂದರೆ ಅದೇ ಶಾಲೆಯ ಅಡುಗೆಮನೆ ಪಕ್ಕದ ಕೋಣೆ ನಲವತ್ತೇಳನೇ ಮತಗಟ್ಟೆಯಾಗುತ್ತದೆ. ಇಪ್ಪತ್ತಾರು ವರ್ಷ ಅದರ ಅಧ್ಯಕ್ಷೆ ನಾನೇ. ಬೇರೆಯವರು ಈ ಕೆಲಸಕ್ಕೆ ಕರೆ ಬಂತೆಂದರೆ ಡಾಕ್ಟರ ಚೀಟಿ ತರಲು ಓಡುತ್ತಾರೆ, ನಾನು ಹಿಂದಿನ ದಿನವೇ ಬಟ್ಟೆ ಇಸ್ತ್ರಿ ಮಾಡಿಡುತ್ತಿದ್ದೆ. ತಮ್ಮ ಹಿಂದಿನವರು ಕೊಟ್ಟ ಪ್ರಶಂಸಾಪತ್ರ ನನ್ನ ಗಂಡನ ಫೋಟೋ ಪಕ್ಕದಲ್ಲಿ ಗೋಡೆಯ ಮೇಲಿದೆ. ಅದರಲ್ಲಿ ನನ್ನನ್ನು ಪ್ರಜಾಪ್ರಭುತ್ವದ ಆಧಾರಸ್ತಂಭ ಎಂದು ಕರೆದಿದ್ದಾರೆ. ಆ ಕಂಬವನ್ನು ಈಗ ತಮ್ಮ ಕಚೇರಿಯೇ ಕಿತ್ತು ಪಕ್ಕಕ್ಕಿಟ್ಟಿದೆ.

ತಾವು ಮತಗಟ್ಟೆಯ ಬೆಳಗನ್ನು ನೋಡಿದ್ದೀರೋ ಇಲ್ಲವೋ ತಿಳಿಯದು. ಮತದಾನಕ್ಕೆ ಮುಂಚೆ ಯಂತ್ರ ಉದ್ದನೆಯ ಒಂದು ಚೀಟಿಯನ್ನು ಹೊರಗೆ ಬಿಡುತ್ತದೆ. ಎಲ್ಲ ಅಭ್ಯರ್ಥಿಗಳ ಹೆಸರು, ಪ್ರತಿ ಹೆಸರಿನ ಎದುರಿಗೆ ಸೊನ್ನೆ. ಇನ್ನೂ ಯಾರ ಮತವೂ ಒಳಗಿಲ್ಲ ಎಂಬುದಕ್ಕೆ ಅದು ಸಾಕ್ಷಿ, ಅದಕ್ಕೆ ನಾವು ಸಹಿ ಹಾಕಬೇಕು. ಹೆಚ್ಚಿನವರು ನೋಡಿದ ಹಾಗೆ ಮಾಡಿ ಗೀಚುತ್ತಾರೆ. ನಾನು ಕನ್ನಡಕ ಏರಿಸಿ, ಮೊದಲ ಹೆಸರಿನಿಂದ ಕೊನೆಯ ಹೆಸರಿನವರೆಗೆ ಬೆರಳಿಟ್ಟು ಓದುತ್ತಿದ್ದೆ. "ದೋನಾ ಝುಲ್ಮೀರಾ, ಎಲ್ಲಾ ಸೊನ್ನೆನೇ. ಅದ್ರಲ್ಲಿ ಓದೋದೇನಿದೆ? ಕಾಫಿ ಆರೋಗ್ತಿದೆ" ಎಂದು ಜೊತೆಯವರು ಗೊಣಗುತ್ತಿದ್ದರು. ಓದದೆ ಸಹಿ ಹಾಕುವವಳಲ್ಲ ನಾನು ಎಂದು ಬೀಗುತ್ತಿದ್ದೆ. ಆ ಬೀಗಿದ್ದೇ ಕೊನೆಗೆ ನನಗೆ ಮುಳುವಾಯಿತು.

ಈ ವರ್ಷ ಜುಲೈ ಮುಗಿದರೂ ನನಗೆ ಕರೆ ಬರಲಿಲ್ಲ. ಅಂಚೆಯವನನ್ನು ಬೈದೆ, ಆಮೇಲೆ ತಮ್ಮ ಕಚೇರಿಗೆ ಬಂದೆ. ಕಿಟಕಿಯಲ್ಲಿದ್ದ ಗಿಸ್ಲೇನಿ ನನ್ನ ಕೈಯ ಊಟ ಉಂಡು ಬೆಳೆದ ಹುಡುಗಿ. ಕಂಪ್ಯೂಟರ್ ನೋಡಿದಳು, ನನ್ನನ್ನು ನೋಡಿದಳು, ಮತ್ತೆ ಕಂಪ್ಯೂಟರ್ ನೋಡಿದಳು.

"ದೋನಾ ಝುಲ್ಮೀರಾ, ನೀವ್ ಪಾರ್ಟಿ ಸೇರಿದ್ದು ನಮ್ಗೆ ಹೇಳ್ಲೇ ಇಲ್ವಲ್ಲ?"

"ಯಾವ್ ಪಾರ್ಟಿ ಕಣೇ? ಹುಟ್ಟಿದಬ್ಬದ ಪಾರ್ಟಿಗೂ ಹೋಗ್ದೆ ವರ್ಷ ಆಯ್ತು."

"ವಾಲ್ದೆಸಿರ್ ಅವ್ರ ಪಾರ್ಟಿ. ನೀವು ಊರಿನ ಸಮಿತಿ ಕಾರ್ಯದರ್ಶಿ ಅಂತಿದೆ. ಪದಾಧಿಕಾರಿಗಳು ಮತಗಟ್ಟೆಲಿ ಕೂರಂಗಿಲ್ಲ. ಸಿಸ್ಟಮ್ಮೇ ನಿಮ್ಮ ಹೆಸ್ರು ತೆಗ್ದ್ ಹಾಕಿದೆ."

ನನ್ನ ಹಿಂದೆ ಸಾಲಿನಲ್ಲಿದ್ದವರೆಲ್ಲ ಕೇಳಿಸಿಕೊಂಡರು. ಒಬ್ಬಳು, "ಅಡುಗೆಯಮ್ಮನೂ ಹಳದಿ ಅಂಗಿ ಹಾಕ್ಕೊಂಡ್ಲಾ" ಎಂದಳು. ಹಳದಿ ಅಂಗಿ ವಾಲ್ದೆಸಿರ್ ಕಡೆಯವರ ಗುರುತು. ಕಿವಿ ಬಿಸಿಯಾಗಿ ಹೊರಗೆ ಬಂದೆ.

ವಾಲ್ದೆಸಿರ್ ಯಾರೆಂದು ಊರಿಗೆ ಹೇಳಬೇಕಾಗಿಲ್ಲ. ತಾವು ರಾಜಧಾನಿಯಿಂದ ವರ್ಗವಾಗಿ ಬಂದು ಎರಡೇ ವರ್ಷ, ಆದ್ದರಿಂದ ಹೇಳುತ್ತೇನೆ. ಅವನ ತಾಯಿ ಎಳೆ ಮೆಕ್ಕೆಜೋಳ ರುಬ್ಬಿ, ಜೋಳದ ಸಿಪ್ಪೆಯಲ್ಲಿ ಕಟ್ಟಿ ಪಮೋನ್ಯ ಕಡುಬು ಬೇಯಿಸುತ್ತಿದ್ದಳು. ಅದನ್ನು ಮಾರಲು ಹಳೆಯ ವ್ಯಾನಿನ ನೆತ್ತಿಗೆ ಮೈಕಿನ ಹಾರ್ನ್ ಕಟ್ಟಿಕೊಂಡು ಹೊರಟವನು ಇವನು. ಕಂಠ ಚೆನ್ನಾಗಿತ್ತು. ಕೊಳ್ಳದವರೂ ಕಿಟಕಿಗೆ ಬರುತ್ತಿದ್ದರು. ಆಮೇಲೆ ಔಷಧಿ ಅಂಗಡಿ, ಗ್ಯಾಸ್ ಸಿಲಿಂಡರ್, ಸೂಪರ್ ಮಾರ್ಕೆಟ್ಟಿನ ಹಂದಿಮಾಂಸದ ರಿಯಾಯಿತಿ, ಎಲ್ಲವನ್ನೂ ಸಾರುವವನು ಅವನೇ ಆದ. ನಮ್ಮಲ್ಲಿ ಯಾರಾದರೂ ಸತ್ತರೆ ಬೀದಿಬೀದಿಗೆ ಹೇಳುವುದೂ ಮೈಕಿನ ಗಾಡಿಯೇ: ಹೆಸರು, ಯಾರ ಮನೆಯವರು, ದೇಹ ಎಲ್ಲಿಟ್ಟಿದ್ದಾರೆ, ಎಷ್ಟು ಹೊತ್ತಿಗೆ ಮಣ್ಣು. ನನ್ನ ಗಂಡ ಒರೆಸ್ತಿಸ್ ಹೋದ ದಿನ ಅವನ ಹೆಸರನ್ನು ಊರೆಲ್ಲ ಕೊಂಡೊಯ್ದವನು ವಾಲ್ದೆಸಿರ್. ನಮ್ಮ ಗೇಟಿನ ಮುಂದೆ ಬಂದಾಗ ಮೈಕಿನಲ್ಲೇ ಅವನ ಗಂಟಲು ಕಟ್ಟಿತು. ಗಾಡಿ ನಿಲ್ಲಿಸಿ ಒಳಗೆ ಬಂದು, ಒಂದು ಲೋಟ ನೀರು ಕುಡಿದು, ಕಣ್ಣೊರೆಸಿಕೊಂಡು ಮುಂದಿನ ಬೀದಿಗೆ ಹೋದ. ಅದನ್ನು ಮರೆತರೆ ನಾನು ಮನುಷ್ಯಳಲ್ಲ. ಅವನ ಮಗಳು ತೈನಾರಾಳನ್ನು ದೀಕ್ಷಾಸ್ನಾನದಲ್ಲಿ ಎತ್ತಿಕೊಂಡ ಧರ್ಮತಾಯಿಯೂ ನಾನೇ. ಅಂದಿನಿಂದ ನಾನು ಅವನಿಗೆ ಕೊಮಾದ್ರೆ, ಅವನು ನನಗೆ ಕೊಂಪಾದ್ರೆ. ಈ ನಂಟು ರಕ್ತಸಂಬಂಧಕ್ಕಿಂತ ಗಟ್ಟಿ ಎಂದು ತಮ್ಮ ಕಾನೂನಿನ ಪುಸ್ತಕದಲ್ಲಿ ಇರಲಿಕ್ಕಿಲ್ಲ.

ಒಂದು ಗಾಡಿ ಐದಾಯಿತು. ಆಗ ಪುರಸಭೆಯವರು ಸದ್ದಿಗೆ ಮಿತಿ ತಂದರು. ಆಸ್ಪತ್ರೆಯ ಬೀದಿಯಲ್ಲಿ ಕೂಗಬಾರದು, ಶಾಲೆಯ ಹತ್ತಿರ ಕೂಗಬಾರದು, ಮಧ್ಯಾಹ್ನ ಕೂಗಬಾರದು. ವಾಲ್ದೆಸಿರ್ ನನ್ನ ಅಡುಗೆಮನೆಯಲ್ಲಿ ಕೂತು, "ಕೂಗಿ ಬದುಕೋನಿಗೆ ಕೂಗ್ಬೇಡ ಅಂದ್ರೆ ಏನ್ ಮಾಡ್ಲಿ ಕೊಮಾದ್ರೆ? ಇವ್ರಿಗೆ ದುಡಿಯೋ ಮನುಷ್ಯನ್ ಕಂಡ್ರೇ ಆಗಲ್ಲ" ಎಂದ. ಅರ್ಧ ಮಾತು ನನಗೂ ಸರಿ ಎನಿಸಿತು. ಇನ್ನರ್ಧ ಕೇಳಿಸಿಕೊಂಡು ಸುಮ್ಮನಿದ್ದೆ, ಅದು ನನ್ನ ತಪ್ಪು. ಮುಂದೆ ಚೌಕದಲ್ಲಿ ಹಳದಿ ಅಂಗಿಯ ಮೆರವಣಿಗೆಗಳು ಶುರುವಾದವು. ಮೊದಲ ಸಲ ಬಾಡಿಗೆಗೆಂದು ಗಾಡಿ ಕೊಟ್ಟ. ಯಾರೋ, ನೀನೂ ಎರಡು ಮಾತಾಡು ಎಂದರು. ಪುರಸಭೆಯ ಮೇಲಿನ ಸಿಟ್ಟನ್ನೆಲ್ಲ ಕಾರಿಕೊಂಡ. ಜನ ಚಪ್ಪಾಳೆ ತಟ್ಟಿದರು. ಅಷ್ಟು ವರ್ಷ ಹಂದಿಮಾಂಸದ ರಿಯಾಯಿತಿ ಸಾರಿದ್ದಕ್ಕೆ ಅವನಿಗೆ ಯಾರೂ ಚಪ್ಪಾಳೆ ತಟ್ಟಿರಲಿಲ್ಲ.

ಅಲ್ಲಿಂದ ಅವನು ಹಿಂದೆ ನೋಡಲಿಲ್ಲ. ತೆರಿಗೆ ದರೋಡೆ, ಮೇಷ್ಟರುಗಳು ಮಕ್ಕಳನ್ನು ಕೆಡಿಸುತ್ತಾರೆ, ದೇವರಿಗೆ ದೇಶದಲ್ಲಿ ಜಾಗವಿಲ್ಲ, ಮತಯಂತ್ರ ಮೋಸ. ಯಂತ್ರದ ಮಾತು ಬಂದಾಗ ನಾನು ತಡೆಯಲಾರದೆ ಕೇಳಿದೆ: "ಆ ಯಂತ್ರದ ಪಕ್ಕ ಕೂರೋಳು ನಾನೇ ಅಲ್ವೇನೋ? ಮೋಸ ಮಾಡ್ದೋಳು ನಾನಾ?" ಅವನು ಗಾಬರಿಯಾಗಿ, "ಛೆ, ನೀವಲ್ಲ ಕೊಮಾದ್ರೆ. ನಿಮ್ಗೆ ಗೊತ್ತಾಗ್ದಂಗೆ ಮಾಡ್ತಾರೆ" ಎಂದ. ಕಳ್ಳಿ ಎನ್ನಲಿಲ್ಲ, ದಡ್ಡಿ ಎಂದ, ಅದೂ ಪ್ರೀತಿಯಿಂದ.

ಪಕ್ಷಗಳೆಲ್ಲ ಕಳ್ಳರ ಸಂತೆ ಎಂದು ಆರು ವರ್ಷ ಸಾರಿದವನು ಹೋದ ವರ್ಷ ಒಂದು ಪಕ್ಷದ ಊರಿನ ಸಮಿತಿಗೆ ತಾನೇ ಅಧ್ಯಕ್ಷನಾದ. ಯಾಕಪ್ಪ ಎಂದರೆ, "ಒಳಗೋಗಿ ಗುಡಿಸ್ಬೇಕು, ಹೊರಗ್ನಿಂತು ಗುಡ್ಸಕ್ಕಾಗಲ್ಲ" ಎಂದ. ಈಗ ಮೇಯರ್ ಹುದ್ದೆಗೆ ನಿಂತಿದ್ದಾನೆ. ಮೋಸದ ಯಂತ್ರದಲ್ಲೇ ಅವನ ಫೋಟೋ ಬರುತ್ತದೆ, ಅದರಲ್ಲೇ ತನ್ನ ನಂಬರ್ ಒತ್ತಿ ಎಂದು ಐದು ಗಾಡಿಗಳೂ ಕೂಗುತ್ತಿವೆ. ಇದರಲ್ಲಿ ತಮಗೆ ಏನೂ ವಿಚಿತ್ರ ಕಾಣಲಿಲ್ಲವೇ? ಅವನ ನಾಮಪತ್ರ ತಾವೇ ಅಂಗೀಕರಿಸಿದ್ದೀರಿ.

ಇನ್ನು ನನ್ನ ಸಹಿಯ ಕಥೆ. ಹೋದ ವರ್ಷದ ಮೇ ತಿಂಗಳಲ್ಲಿ ತೈನಾರಾಳ ಮದುವೆ. ಧರ್ಮತಾಯಿ ಎಂದ ಮೇಲೆ ಸಾಕ್ಷಿ ಸಹಿ ನನ್ನದೇ. ನೋಂದಣಿ ಕಚೇರಿಗೆ ಬೇಕೆಂದು ವಾಲ್ದೆಸಿರ್ ಮೊದಲೇ ನನ್ನ ಗುರುತಿನ ಚೀಟಿಯನ್ನೂ ಮತದಾರರ ಚೀಟಿಯನ್ನೂ ಒಯ್ದಿದ್ದ. ಮದುವೆಗೆ ಮತದಾರರ ಚೀಟಿ ಯಾಕೆ ಎಂದು ಕೇಳಬೇಕೆಂದು ನನಗೆ ಹೊಳೆಯಲಿಲ್ಲ. ಅಂದು ಒಂದು ಕೈಯಲ್ಲಿ ಮದುಮಗಳ ಹೂಗುಚ್ಛ ಹಿಡಿದಿದ್ದೆ, ಕನ್ನಡಕ ಚೀಲದಲ್ಲಿತ್ತು, ಕಣ್ಣಲ್ಲಿ ನೀರು. ನೋಂದಣಿ ಪುಸ್ತಕಕ್ಕೆ ಸಹಿ ಹಾಕಿದೆ. ಪಾದ್ರಿಗಳ ಪುಸ್ತಕಕ್ಕೆ ಹಾಕಿದೆ. "ಇಲ್ಲೊಂದು, ಇಲ್ಲೊಂದು ಕೊಮಾದ್ರೆ" ಎಂದು ವಾಲ್ದೆಸಿರ್ ಇನ್ನೆರಡು ಹಾಳೆ ಮುಂದಿಟ್ಟ. ಹಾಕಿದೆ. ಇಪ್ಪತ್ತಾರು ವರ್ಷ ಸೊನ್ನೆಗಳನ್ನು ಬೆರಳಿಟ್ಟು ಓದಿದವಳು ಮನೆಮಗಳ ಮದುವೆಯಲ್ಲಿ ಒಂದಕ್ಷರ ಓದಲಿಲ್ಲ. ನಮ್ಮ ಊರಿನಲ್ಲಿ ಯಾವ ಧರ್ಮತಾಯಿ ಓದುತ್ತಾಳೆ, ಹೇಳಿ? ಚೀಲದಿಂದ ಕನ್ನಡಕ ತೆಗೆದು ಹಾಕಿಕೊಂಡು ಓದಲು ಕೂತರೆ ಬೀಗರ ಮುಂದೆ ಆ ಮನೆಯ ಮಾನ ಹೋಗುವುದಿಲ್ಲವೇ?

ತಮ್ಮ ಕಚೇರಿಯಿಂದ ನೇರ ಅವನ ಗಾಡಿ ಶೆಡ್ಡಿಗೆ ಹೋದೆ. ತೈನಾರಾ ಏಳು ತಿಂಗಳ ಬಸುರಿ, ಕುರ್ಚಿಯಲ್ಲಿ ಕೂತು ಕರಪತ್ರ ಮಡಿಸುತ್ತಿದ್ದಳು.

"ನನ್ನನ್ಯಾಕೋ ಕಾರ್ಯದರ್ಶಿ ಮಾಡ್ದೆ?" ಎಂದೆ.

ಅವನು ಮುಚ್ಚಿಡಲಿಲ್ಲ. "ಸಮಿತೀಲಿ ಹೆಂಗಸ್ರ ಹೆಸ್ರು ಬೇಕಿತ್ತು ಕೊಮಾದ್ರೆ. ಊರಲ್ಲಿ ನಿಮ್ಗಿಂತ ಒಳ್ಳೆ ಹೆಸ್ರು ಯಾರ್ದಿದೆ? ಅಷ್ಟು ಮರ್ಯಾದೆ ಕೊಟ್ಟು ಬರ್ಸಿದೀನಿ."

"ಕೇಳ್ಬೇಕು ಅಂತ ಅನ್ನಿಸ್ಲಿಲ್ವಾ?"

"ಮನೆಯೋರನ್ನ ಕೇಳ್ತಾರಾ?"

"ನನ್ನ ಮತಗಟ್ಟೆ ಹೋಯ್ತಲ್ಲೋ."

"ಹೋಗ್ಲಿ ಬಿಡಿ. ಇಡೀ ದಿನ ಬೆನ್ನು ಮುರ್ಕೊಂಡು ಕೂರ್ಬೇಕು, ಕೊಡೋದು ಒಂದ್ ತಣ್ಣನೆ ಊಟ." ತಮ್ಮ ಕಚೇರಿಯ ಮೆಟ್ಟಿಲ ಮೇಲೆ ಕೂತು ಬರೆದಿದ್ದ ರಾಜೀನಾಮೆ ಪತ್ರ ಚಾಚಿದೆ. ಪಕ್ಷಕ್ಕೆ ಮುಟ್ಟಿದೆ ಎಂಬ ಸಹಿ ಇದ್ದರೆ ಮಾತ್ರ ತರಲು ಗಿಸ್ಲೇನಿ ಹೇಳಿದ್ದಳು. ವಾಲ್ದೆಸಿರ್ ಕನ್ನಡಕ ಹಾಕಿಕೊಂಡು ಪೂರ್ತಿ ಓದಿದ. ನನ್ನ ಕಾಗದವನ್ನು ಅವನು ಓದಿದ, ಗಮನಿಸಿ. ಓದಿ ಮಡಿಸಿ ವಾಪಸ್ ಕೊಟ್ಟ. "ಈಗ ನೀವ್ ಬಿಟ್ರೆ ಪೇಪರಲ್ಲಿ ಬರತ್ತೆ. ಸ್ವಂತ ಕೊಮಾದ್ರೆನೇ ಬಿಟ್ಟೋದ್ಲು ಅಂತಾರೆ. ಎಲೆಕ್ಷನ್ ಮುಗೀಲಿ, ಕಣ್ಮುಚ್ಚಿ ಸಹಿ ಹಾಕ್ಕೊಡ್ತೀನಿ."

ತೈನಾರಾ ನನ್ನ ಕೈ ಹಿಡಿದು, "ದಿಂದಾ, ಅಪ್ಪನ್ನ ಈಗ ಬಿಟ್ ಹಾಕ್ಬೇಡಿ" ಎಂದಳು. ಹುಟ್ಟಿದಾಗಿನಿಂದ ನನ್ನನ್ನು ದಿಂದಾ, ಅಂದರೆ ಧರ್ಮತಾಯಿ, ಎಂದು ಕರೆಯುವುದು ಅವಳೊಬ್ಬಳೇ, ನನಗೆ ಬೇರೆ ಮಕ್ಕಳಿಲ್ಲ. ಅವಳ ಹೊಟ್ಟೆ ನೋಡಿದೆ, ಪತ್ರವನ್ನು ಚೀಲಕ್ಕೆ ಹಾಕಿಕೊಂಡೆ. ಹೊರಡುವಾಗ ವಾಲ್ದೆಸಿರ್ ಗೇಟಿನವರೆಗೆ ಬಂದು ಸಮಾಧಾನ ಹೇಳಿದ. "ಬೇಜಾರಾಗ್ಬೇಡಿ ಕೊಮಾದ್ರೆ. ನಾಳೆ ನಿಮ್ಗೆ ಏನಾದ್ರೂ ಆದ್ರೆ ಒಂದ್ ಗಾಡಿ ಅಲ್ಲ, ಐದೂ ಗಾಡಿ ಹೊರಡತ್ತೆ. 'ನಮ್ಮ ಪಕ್ಷದ ಕಾರ್ಯದರ್ಶಿ' ಅಂತ ನಾನೇ ಹೇಳ್ತೀನಿ. ರಾಷ್ಟ್ರಗೀತೆ ಹಾಕಿಸ್ತೀನಿ." ಅವನು ಹೆದರಿಸಲು ಹೇಳಿದ್ದಲ್ಲ, ಅದು ಅವನು ಕೊಡಬಲ್ಲ ದೊಡ್ಡ ಉಡುಗೊರೆ.

ಆಮೇಲೆ ತಮಗೆ ದೂರು ಬರೆದೆ. ಪಕ್ಷದ ಸಹಿ ತನ್ನಿ ಎಂದು ಉತ್ತರ ಬಂತು. ಎರಡನೆಯ ಸಲ, ಮೋಸದಿಂದ ಪಡೆದ ಸಹಿ ಎಂದೆ. ತಮ್ಮ ಆದೇಶ ನನ್ನ ಮುಂದಿದೆ. 'ಅರ್ಜಿದಾರಳ ಸಹಿಯನ್ನು ಈ ಕಚೇರಿಯ ದಾಖಲೆಗಳಲ್ಲಿರುವ ಆಕೆಯ ಹಿಂದಿನ ಸಹಿಗಳೊಂದಿಗೆ ಹೋಲಿಸಿ ನೋಡಲಾಗಿ, ಅಸಲಿ ಎಂದು ಕಂಡುಬಂದಿರುತ್ತದೆ. ಅರ್ಜಿ ವಜಾ.' ಹಿಂದಿನ ಸಹಿಗಳು ಯಾವುವು ಎಂದು ಗಿಸ್ಲೇನಿಯನ್ನು ಕೇಳಿದೆ. ತಲೆ ತಗ್ಗಿಸಿ, "ಸೊನ್ನೆ ಚೀಟಿಗಳು" ಎಂದಳು. ಮಾನ್ಯರೇ, ಇಪ್ಪತ್ತಾರು ವರ್ಷ ತಮಗಾಗಿ ಬೆರಳಿಟ್ಟು ಓದಿ, ನೆಟ್ಟಗೆ, ಒಂದೇ ಥರ, ಅಚ್ಚುಕಟ್ಟಾಗಿ ಸಹಿ ಹಾಕಿದ್ದಕ್ಕೆ ಸಿಕ್ಕ ಫಲ ಇದು. ಉಳಿದವರ ಹಾಗೆ ದಿನಕ್ಕೊಂದು ಥರ ಗೀಚಿದ್ದರೆ ಇಂದು ಗೆದ್ದಿರುತ್ತಿದ್ದೆ. ಸಹಿ ನನ್ನದೇ, ನಾನು ಅಲ್ಲ ಎಂದು ಯಾವಾಗ ಹೇಳಿದೆ? ಕೈ ನನ್ನದು, ಒಪ್ಪಿಗೆ ನನ್ನದಲ್ಲ ಎಂದೆ. ಅದನ್ನು ಹೋಲಿಸಿ ನೋಡುವ ಚೀಟಿ ತಮ್ಮ ಬೀರುವಿನಲ್ಲಿ ಇಲ್ಲವೇ?

ವಾಲ್ದೆಸಿರ್‌ನನ್ನು ಜೈಲಿಗೆ ಹಾಕಿ ಎಂದು ಕೇಳಲು ನನ್ನಿಂದಾಗದು. ಹುಟ್ಟಲಿರುವ ಮಗುವಿಗೆ ಅವನು ಅಜ್ಜ. ಅವನು ಕೆಟ್ಟವನು ಎಂದು ಬರೆಯಲು ಕೂತರೆ ಮೈಕಿನಲ್ಲಿ ಕಟ್ಟಿದ ಅವನ ಗಂಟಲು ಕೇಳಿಸುತ್ತದೆ. ಒಳ್ಳೆಯವನು ಎಂದು ಬರೆಯಲು ಕೂತರೆ ಆ ಹಾಳೆಗಳು ಕಾಣುತ್ತವೆ. ಈ ಅಕ್ಟೋಬರಿನ ಮತಗಟ್ಟೆಯನ್ನೂ ಕೇಳುತ್ತಿಲ್ಲ. ಅಲ್ಲಿ ಬೇರೆಯವರನ್ನು ಹಾಕಿದ್ದೀರಿ, ಚೀಟಿಯನ್ನು ಪೂರ್ತಿ ಓದಲು ಅವರಿಗೆ ಹೇಳಿದರೆ ಸಾಕು. ನಾನು ಕೇಳುವುದು ಒಂದೇ. ಆ ಪಕ್ಷದ ಪಟ್ಟಿಯಿಂದ ನನ್ನ ಹೆಸರನ್ನು ತಾವೇ ತೆಗೆಯಿರಿ, ಅವನ ಸಹಿಗೆ ಕಾಯಬೇಡಿ.

ಮತ್ತು ಬೇಗ ತೆಗೆಯಿರಿ. ನನಗೆ ಅರವತ್ತೊಂಬತ್ತು ತುಂಬಿದೆ, ಹೃದಯಕ್ಕೆ ಎರಡು ಸ್ಟೆಂಟ್ ಹಾಕಿದ್ದಾರೆ. ವಾಲ್ದೆಸಿರ್ ಕೊಟ್ಟ ಮಾತಿಗೆ ತಪ್ಪುವವನಲ್ಲ. ನಾನು ಹೋದ ದಿನ ಐದು ಗಾಡಿಗಳೂ ಹೊರಡುತ್ತವೆ, ಶಾಲೆಯ ಮುಂದೆ ಹಾದು, ನಾನು ಉಣ್ಣಿಸಿದವರ ಮನೆಗಳ ಮುಂದೆಲ್ಲ ನಿಂತು, ನಾನು ಕಾರ್ಯದರ್ಶಿ ಎಂದು ಸಾರುತ್ತವೆ. ಅವನು ನಿಜವಾಗಿಯೂ ಅಳುತ್ತಾನೆ, ಊರು ನಿಜವಾಗಿಯೂ ನಂಬುತ್ತದೆ. ಅಲ್ಲ ಎಂದು ಹೇಳಬೇಕಾದ ನಾನೊಬ್ಬಳು ಮಾತ್ರ ಆ ದಿನ ಊರಿನಲ್ಲಿ ಇರುವುದಿಲ್ಲ.

ಇಂತಿ,
ಒಂದು ಮದುವೆಯ ದಿನ ಬಿಟ್ಟು ಉಳಿದೆಲ್ಲ ದಿನ ಓದಿಯೇ ಸಹಿ ಹಾಕಿದ
ಝುಲ್ಮೀರಾ ಫಗುಂಡೆಸ್
(ಈ ಸಹಿಯೂ ಅಸಲಿ. ಹೋಲಿಸಿ ನೋಡುವ ಶ್ರಮ ಬೇಡ.)