ರಿಹರ್ಸಲ್‌ನಲ್ಲಿ ಹೇಳಬಾರದ ಸಾಲು

ಲಿಂಡ್‌ಕ್ವಿಸ್ಟ್ ಟೀಚರ್,

ಇವತ್ತು ನನ್ನ ಧಾರಾವಾಹಿಯ ಚಿತ್ರೀಕರಣ ಮುಗಿಯಿತು. ಹನ್ನೊಂದು ವರ್ಷ ಅದೇ ಡಾಕ್ಟರ್ ವೇಷ; ಅಂಗಡಿಗೆ ಹೋದರೆ ಜನ ನನ್ನ ಹತ್ತಿರ ಮಂಡಿನೋವು ಹೇಳಿಕೊಳ್ಳುತ್ತಾರೆ. ಸಾಕಾಗಿದೆ.

ಬೆಳಿಗ್ಗೆ ರಿಹರ್ಸಲ್‌ನಲ್ಲಿ ಕೊನೆಯ ಸಾಲು ಬಂದಾಗ ಬಾಯಿ ತಾನಾಗಿಯೇ ಮುಚ್ಚಿಕೊಂಡಿತು.

"ಯಾಕ್ ಸರ್, ಮರೆತ್ರಾ?" ಎಂದಳು ನಿರ್ದೇಶಕಿ.

"ಇಲ್ಲಮ್ಮ. ಕೊನೇ ಸಾಲು ರಿಹರ್ಸಲ್‌ನಲ್ಲಿ ಹೇಳ್ಬಾರ್ದು, ಅಪಶಕುನ."

"ಇದೇನ್ ನಾಟಕಾನಾ ಸರ್? ಟೀವಿ!"

ಎಲ್ಲರೂ ನಕ್ಕರು. ನಮ್ಮೂರು ಡುಲೂತ್‌ನ ಚರ್ಚಿನ ನೆಲಮಾಳಿಗೆಯಲ್ಲಿ, ನಿಮ್ಮ ಮಕ್ಕಳ ನಾಟಕದ ರಿಹರ್ಸಲ್‌ನಲ್ಲಿ, ಎಂಟು ವರ್ಷದ ನಾನು ಕರಡಿ ವೇಷದಲ್ಲಿ ಕೊನೇ ಸಾಲು ಹೇಳಹೊರಟಾಗ ನೀವು ನನ್ನ ಬಾಯಿಗೆ ಕೈ ಅಡ್ಡ ಹಿಡಿದಿರಿ: "ಲೋ ಕರಡಿ, ಜನ ಬಂದು ಕೂರೋವರೆಗೂ ಅದನ್ನ ಹೊಟ್ಟೇಲಿಟ್ಕೊಳೋ!"

ಇಟ್ಟುಕೊಂಡೆ ಟೀಚರ್. ಮಾರ್ಚ್‌ನಲ್ಲಿ ನೀವು ಆಸ್ಪತ್ರೆಯಿಂದ ಫೋನ್ ಮಾಡಿದಾಗ ಮೇಕಪ್ ಕುರ್ಚಿಯಲ್ಲಿದ್ದೆ. "ನಿಂಗೆ ನಾನೇ ಕಲಿಸಿದ್ದು ಅಂದ್ರೆ ಈ ನರ್ಸ್‌ಗಳು ನಂಬಲ್ಲ ಕಣೋ" ಅಂದಿರಿ. ನಾನು ನಕ್ಕೆ. ಹೇಳಬೇಕಾದ ಮಾತೊಂದಿತ್ತು, ಜೂನ್‌ನಲ್ಲಿ ಬಂದು ಎದುರಿಗೇ ಹೇಳೋಣವೆಂದು ಉಳಿಸಿಕೊಂಡೆ. ಏಪ್ರಿಲ್‌ನಲ್ಲಿ ನೀವು ತೀರಿಕೊಂಡಿರಿ.

ಇವತ್ತಿನ ಸಾಲು ಮೊದಲ ಟೇಕ್‌ನಲ್ಲೇ ಸರಿಬಂತು. ಎಲ್ಲರೂ ಎದ್ದು ನಿಂತು ಚಪ್ಪಾಳೆ ಹೊಡೆದರು.

ಮಾರ್ಚ್‌ನ ಆ ಫೋನ್ ಕರೆಯನ್ನು ನಾನು ರಿಹರ್ಸಲ್ ಅಂದುಕೊಂಡಿದ್ದೆ ಟೀಚರ್.

ನಿಮ್ಮ ಕರಡಿ